ಎಬಿಸು ಕತೆಯ ಮೊದಲ ಅರ್ಧ

ಒಂದು ಅಕ್ಟೋಬರ್ ಪೂರ್ತಿ ನಮ್ಮ ಮನೆಯಲ್ಲಿ ಮೀನು ಬಂದ್ ಆಗಿತ್ತು. ಕಾರಣ ಇಷ್ಟೇ: ಕಂಕುಳಲ್ಲಿ ಮೀನು ಇಟ್ಟುಕೊಂಡ ಜಪಾನಿನ ದೇವರೊಬ್ಬ ನಮ್ಮ ಫ್ರಿಜ್ ಮೇಲೆ ಕೂತಿದ್ದ. ಮೇಲೆ ದೇವರು ಕೂತಿರುವಾಗ ಒಳಗೆ ಬಂಗುಡೆ ಇಡುವುದು ಹೇಗೆ ಅಂತ ಹೆಂಡತಿ ಕೇಳಿದಳು. ಉಡುಪಿಯ ಕಡಲ ಬದಿಯಲ್ಲಿ ಹುಟ್ಟಿ, ಮೀನಿಲ್ಲದ ಊಟವನ್ನು ಊಟ ಅಂತಲೇ ಕರೆಯದ ನಾನು ಒಂದು ತಿಂಗಳು ಬೇಳೆಸಾರು ಉಂಡೆ.

ಆಗ ನಾವು ಸಿಡ್ನಿಯ ಎಪ್ಪಿಂಗ್‌ನಲ್ಲಿದ್ದೆವು, ಹಳೆಯ ಅಪಾರ್ಟ್‌ಮೆಂಟಿನ ಮೂರನೇ ಮಹಡಿಯಲ್ಲಿ. ಲಿಫ್ಟ್ ಇರಲಿಲ್ಲ. ಇದ್ದುದರಲ್ಲಿ ರೆಂಟ್ ಕಡಿಮೆ ಅಂತ ಹಿಡಿದ ಮನೆ. ಮಗಳನ್ನು ಎಂಟು ತಿಂಗಳ ಕೂಸಾಗಿದ್ದಾಗ ಎತ್ತಿಕೊಂಡು ಹತ್ತಿದ ಮೆಟ್ಟಿಲು; ನಾಲ್ಕು ವರ್ಷವಾದಾಗಲೂ ಎತ್ತಿಕೊಂಡೇ ಹತ್ತುತ್ತಿದ್ದೆ. ಅವಳಿಗೆ ಸೆರೆಬ್ರಲ್ ಪಾಲ್ಸಿ. ತಲೆ ಚುರುಕಾಗಿದೆ, ಕಾಲು ಮಾತು ಕೇಳುವುದಿಲ್ಲ, ನಾಲಿಗೆ ಅರ್ಧ ಕೇಳುತ್ತದೆ. ನಾವು ಕನ್ನಡದಲ್ಲಿ ಕೇಳಿದರೆ ಅವಳು ಇಂಗ್ಲಿಷಿನ ಒಂದೋ ಎರಡೋ ಪದದಲ್ಲಿ ಉತ್ತರ ಕೊಡುತ್ತಾಳೆ, ಅದೂ ಮನಸ್ಸಾದರೆ.

ಮಗಳಿಗೆ ಹೀಗೆ ಅಂತ ಗೊತ್ತಾದ ವಾರ ಊರಿನಿಂದ ನನ್ನ ಅಮ್ಮ ಫೋನಿನಲ್ಲಿ ಕಾರಣ ಕಂಡುಹಿಡಿದರು. ಹೊಟ್ಟೆಯಲ್ಲಿ ಮಗು ಇದ್ದಾಗ ಗ್ರಹಣದ ಹೊತ್ತಿಗೆ ಸೊಸೆ ಅಂಗಳಕ್ಕೆ ಇಳಿದಿದ್ದಳಂತೆ, ಒಣಹಾಕಿದ ಬಟ್ಟೆ ತೆಗೆಯಲು. ಫೋನ್ ಸ್ಪೀಕರಿನಲ್ಲಿತ್ತು, ಹೆಂಡತಿ ಪಕ್ಕದಲ್ಲೇ ಕೂತಿದ್ದಳು. ನಾನು ಅಮ್ಮನಿಗೆ ಎದುರು ಮಾತಾಡಲಿಲ್ಲ. ಹಗಲೆಲ್ಲ ದುಡಿದು ಬಂದಿದ್ದೆ, ಯಾರು ಜಗಳ ಕಾಯುತ್ತಾರೆ ಅಂತ ಸುಮ್ಮನಾದೆ. ಹಾಗೆ ಸುಮ್ಮನಾದದ್ದು ನನ್ನ ತಪ್ಪು, ಅದನ್ನು ಇವತ್ತಿಗೂ ಸರಿ ಮಾಡಿಲ್ಲ.

ನನ್ನ ಕೆಲಸ ಫ್ರಿಜ್ ರಿಪೇರಿ. ವೀಸಾ ಕಾಗದದಲ್ಲಿ ಅದಕ್ಕೆ ಉದ್ದದ ಹೆಸರಿದೆ. ಊರಲ್ಲಿ ಬಂದರಿನ ಐಸ್ ಪ್ಲಾಂಟಿನಲ್ಲಿ ಕಲಿತದ್ದು, ಇಲ್ಲಿ ಹೋಟೆಲ್, ಮೀನಂಗಡಿ, ಹಾಲಿನ ಡಿಪೋಗಳ ಕೋಲ್ಡ್ ರೂಮ್ ನೋಡಿಕೊಳ್ಳುತ್ತೇನೆ. ನೆಲಮಹಡಿಯಲ್ಲಿ ಒಬ್ಬರೇ ಇದ್ದ ಜಪಾನಿ ಅಜ್ಜಿಯ ಪರಿಚಯವಾದದ್ದೂ ಹಾಗೆಯೇ. ಅವರ ಹಳೇ ಫ್ರೀಜರಿನ ಬಾಗಿಲ ರಬ್ಬರ್ ಸಡಿಲವಾಗಿ ನೀರು ಸುರಿಯುತ್ತಿತ್ತು. ಮಗಳನ್ನು ಹೆಗಲ ಮೇಲೆ ಹಾಕಿಕೊಂಡು ಮೆಟ್ಟಿಲ ಬುಡದಲ್ಲಿ ಉಸಿರು ತಿರುಗಿಸಿಕೊಳ್ಳುತ್ತಿದ್ದ ನನ್ನ ಯೂನಿಫಾರ್ಮಿನ ಮೇಲೆ ಕಂಪನಿಯ ಹೆಸರು ಓದಿ, ಒಳಗೆ ಕರೆದರು. ಅವರೂ ಅವರ ಗಂಡನೂ ಸಿಡ್ನಿಯಲ್ಲಿ ಬಹಳ ವರ್ಷ ಮೀನಂಗಡಿ ಇಟ್ಟಿದ್ದರಂತೆ. ಗಂಡ ತೀರಿಕೊಂಡ ಮೇಲೆ ಅಂಗಡಿ ಮುಚ್ಚಿ, ಗಲ್ಲಾಪೆಟ್ಟಿಗೆಯ ಹಿಂದೆ ಇದ್ದ ದೇವರನ್ನು ಮನೆಗೆ ತಂದು ಫ್ರಿಜ್ ಮೇಲೆ ಕೂರಿಸಿದ್ದರು.

ಮರದ ಬೊಂಬೆ, ಗೇಣುದ್ದ. ದುಂಡು ಮುಖ, ಜೋತುಬಿದ್ದ ಕಿವಿ, ಬಾಯಿ ತುಂಬ ನಗು. ಒಂದು ಕೈಯಲ್ಲಿ ಗಾಳ, ಇನ್ನೊಂದು ಕಂಕುಳಲ್ಲಿ ಕೆಂಪು ಮೀನು. ಹೆಸರು ಎಬಿಸು. ಬೆಸ್ತರಿಗೂ ಅಂಗಡಿಯವರಿಗೂ ಬೇಕಾದ ದೇವರು. ನಾನು ರಬ್ಬರ್ ಕೂರಿಸುವಷ್ಟು ಹೊತ್ತು ಮಗಳು ನೆಲದ ಮೇಲೆ ಮಲಗಿ ಅದನ್ನೇ ನೋಡುತ್ತಿದ್ದಳು. ಅಜ್ಜಿ ಬೊಂಬೆಯನ್ನು ಇಳಿಸಿ ಅವಳ ಪಕ್ಕ ಇಟ್ಟರು. ಮಗಳು ಅದರ ಕಾಲು ಹಿಡಿದು "ಫಿಶ್ ಅಂಕಲ್" ಅಂದಳು. ನಮ್ಮವರು ಯಾರು ಬಂದರೂ ಅಂಕಲ್, ಆಂಟಿ ಅನ್ನುವುದನ್ನು ಕೇಳಿ ಕೇಳಿ ಅಭ್ಯಾಸವಾಗಿತ್ತು, ದೇವರನ್ನೂ ಆ ಲೆಕ್ಕಕ್ಕೆ ಸೇರಿಸಿದಳು.

ಆಮೇಲೆ ಮಧ್ಯಾಹ್ನಗಳಲ್ಲಿ ಹೆಂಡತಿ ಮಗಳನ್ನು ಕೆಳಗೇ ಬಿಟ್ಟು ಅಂಗಡಿಗೆ ಹೋಗಿಬರುವುದು ರೂಢಿಯಾಯಿತು. ಅಜ್ಜಿಯ ಇಂಗ್ಲಿಷೂ ನಮ್ಮ ಇಂಗ್ಲಿಷಿನಷ್ಟೇ ಹರಕು, ಆದ್ದರಿಂದ ಯಾರಿಗೂ ಸಂಕೋಚವಿರಲಿಲ್ಲ. ಅವರೇ ಎಬಿಸುವಿನ ವಿಷಯ ತುಂಡು ತುಂಡಾಗಿ ಹೇಳಿದ್ದು. ಅವನಿಗೆ ಕಾಲು ಬಲವಿಲ್ಲ, ಅದಕ್ಕೇ ಯಾವಾಗಲೂ ಕೂತೇ ಇರುತ್ತಾನೆ. ಕಿವಿ ಮಂದ. ಅವರ ಊರಿನ ಕಡೆ ಎಬಿಸುವಿನ ಒಂದು ಗುಡಿಯಲ್ಲಿ ಜನ ಎದುರಿನಿಂದ ಕೈಮುಗಿದಾದ ಮೇಲೆ ಸುತ್ತಿಕೊಂಡು ಹಿಂದಕ್ಕೆ ಹೋಗುತ್ತಾರಂತೆ, ಹೋಗಿ ಹಿಂಗೋಡೆಯನ್ನು ಕೈಯಿಂದ ಬಡಿದು, ನಾನು ಬಂದಿದ್ದೇನೆ, ಕೇಳಿಸಿತಾ ಅಂತ ಇನ್ನೊಮ್ಮೆ ಬೇಡಿಕೊಳ್ಳುತ್ತಾರಂತೆ. ನಮ್ಮ ಉಡುಪಿಯಲ್ಲಿ ದೇವರೇ ಹಿಂದಕ್ಕೆ ತಿರುಗಿದ್ದಾನೆ, ಆ ಮಟ್ಟಿಗೆ ನಮ್ಮವರಿಗೆ ಸಲೀಸು ಅಂತ ನಾನು ಹೇಳಿದೆ. ಹೇಳಿದ ಮೇಲೆ ಅದನ್ನು ಅವರಿಗೆ ವಿವರಿಸುವಷ್ಟರಲ್ಲಿ ಸುಸ್ತಾಯಿತು.

ಹೆಂಡತಿಗೆ ಮಾತ್ರ ಈ ದೇವರು ಬಹಳ ಹಿಡಿಸಿದ. ನಿಲ್ಲಲಾಗದ ದೇವರು, ಆದರೂ ನಗುತ್ತಾನೆ. ಅವಳು ಅಷ್ಟನ್ನೇ ಮನಸ್ಸಿಗೆ ತೆಗೆದುಕೊಂಡಳು, ಹೆಚ್ಚು ಕೇಳಲಿಲ್ಲ. ಥೆರಪಿಗೆ ಹೊರಡುವಾಗ ಕೆಳಗೆ ಹೋಗಿ, ಬೊಂಬೆಯ ಬೆನ್ನಿಗೆ ಬೆರಳಿನಿಂದ ಎರಡು ಸಲ ತಟ್ಟಿ ಬರುತ್ತಿದ್ದಳು. ಹತ್ತು ದಿಕ್ಕಿನಿಂದ ತಳ್ಳಿಸಿಕೊಂಡವರಿಗೆ ಎಲ್ಲಿ ಆಸರೆ ಸಿಗುತ್ತದೋ ಹೇಳಲಾಗದು.

ಆ ಅಕ್ಟೋಬರ್‌ನಲ್ಲಿ ಅಜ್ಜಿಗೆ ಸೊಂಟದ ಆಪರೇಷನ್ ಇತ್ತು. ಆಸ್ಪತ್ರೆ, ಆಮೇಲೆ ರಿಹ್ಯಾಬ್, ಒಟ್ಟು ಒಂದು ತಿಂಗಳು. ಹೊರಡುವ ಮುನ್ನ ಎಬಿಸುವನ್ನು ಬಿಳಿ ಬಟ್ಟೆಯಲ್ಲಿ ಸುತ್ತಿ ನಮ್ಮ ಕೈಗೆ ಕೊಟ್ಟರು. ಅವರ ನಾಡಿನಲ್ಲಿ ಹತ್ತನೇ ತಿಂಗಳಲ್ಲಿ ದೇವರುಗಳೆಲ್ಲ ಇಜುಮೊ ಅನ್ನುವ ಊರಿಗೆ ಮೀಟಿಂಗಿಗೆ ಹೋಗುತ್ತಾರಂತೆ. ಊರೂರಿನ ಗುಡಿಗಳು ಖಾಲಿ. ಎಬಿಸುವಿಗೆ ಕರೆದದ್ದು ಕೇಳಿಸುವುದಿಲ್ಲ, ಹಾಗಾಗಿ ಅವನೊಬ್ಬ ಹಿಂದೆ ಉಳಿದು ಮನೆ ಕಾಯುತ್ತಾನೆ. "ಈ ತಿಂಗಳು ಇವನೊಬ್ಬನೇ ಇರುವುದು," ಅಂದರು ಅಜ್ಜಿ. "ನಾನೂ ಹೋದರೆ ಪಾಪ, ಯಾರನ್ನು ಕಾಯುತ್ತಾನೆ? ನಿನ್ನ ಮಗಳ ಜೊತೆ ಇರಲಿ."

ನಾವು ಅವನನ್ನು ತಂದು ಫ್ರಿಜ್ ಮೇಲೆ ಕೂರಿಸಿದೆವು, ಅಜ್ಜಿಯ ಮನೆಯಲ್ಲೂ ಅಲ್ಲೇ ಇದ್ದನಲ್ಲ ಅಂತ. ಆ ದಿನವೇ ಹೆಂಡತಿ ಫ್ರೀಜರಿನಲ್ಲಿದ್ದ ಬಂಗುಡೆ, ಬೂತಾಯಿ, ಒಣ ಸಿಗಡಿ ಎಲ್ಲ ಚೀಲಕ್ಕೆ ತುಂಬಿ ಎದುರು ಬ್ಲಾಕಿನ ಪರಿಚಯದವರಿಗೆ ಕೊಟ್ಟುಬಂದಳು. ನಮ್ಮಲ್ಲಿ ಪೂಜೆಯ ದಿನ ಮೀನು ಮುಟ್ಟುವುದಿಲ್ಲ. ಬೇರೆಯವರು ನಂಬಿ ಕೊಟ್ಟ ದೇವರು ಮನೆಯಲ್ಲಿದ್ದ ಮೇಲೆ ದಿನವೂ ಪೂಜೆಯ ದಿನವೇ ಅಂತ ಅವಳ ವಾದ. ಬೆಳಗ್ಗೆ ಹಾಲು, ಬಾಳೆಹಣ್ಣು, ಮಧ್ಯಾಹ್ನ ಅನ್ನಕ್ಕೆ ತುಪ್ಪ. "ಅವನ ಕಂಕುಳಲ್ಲೇ ಮೀನುಂಟಲ್ಲ ಮಾರಾಯ್ತಿ," ಅಂತ ನಾನು ಹೇಳಿ ನೋಡಿದೆ. "ಅದು ಅವನ ಮೀನು," ಅಂದಳು. "ನಾವು ತಿನ್ನುವುದು ಬೇರೆ."

ಅಜ್ಜಿ ವಾಕರ್ ಹಿಡಿದುಕೊಂಡು ವಾಪಸ್ ಬಂದ ದಿನ, ಒಂದು ತಿಂಗಳು ನಿಮ್ಮ ದೇವರಿಗೆ ಮೈಲಿಗೆಯಾಗದ ಹಾಗೆ ನೋಡಿಕೊಂಡಿದ್ದೇವೆ ಅಂತ ಹೆಂಡತಿ ಹೆಮ್ಮೆಯಿಂದ ಹೇಳಿದಳು. ಮೀನು ಮನೆಯೊಳಗೇ ತಂದಿಲ್ಲ ಅಂದಳು. ಅಜ್ಜಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದಾಗ ಸೊಂಟ ಹಿಡಿದುಕೊಂಡು ನಗತೊಡಗಿದರು. "ಒಂದು ತಿಂಗಳು ಬಾಳೆಹಣ್ಣಾ? ಇವನಿಗಾ?" ಅಂತ ಬೊಂಬೆಯನ್ನು ಎತ್ತಿ, ಸೊರಗಿದ್ದಾನೇನೋ ಅಂತ ಹೊಟ್ಟೆ ತಡವಿ ನೋಡಿದರು. ಮಗಳಿಗೆ ಏನು ತಿಳಿಯಿತೋ, ಅವಳೂ ನಕ್ಕಳು, ನಕ್ಕು ನಕ್ಕು ಬಿಕ್ಕಳಿಕೆ ಬಂತು. ಆ ದಿನ ಅಜ್ಜಿಯ ಅಡುಗೆಮನೆಯಲ್ಲಿ ಉಪ್ಪು ಸವರಿ ಸುಟ್ಟ ಮೀನಿನ ಮೊದಲ ತುಂಡು ಎಬಿಸುವಿನ ಮುಂದೆ, ಎರಡನೆಯದು ನನ್ನ ತಟ್ಟೆಗೆ. ಸಿಡ್ನಿಯಲ್ಲಿ ನಾವು ಕಳೆದ ವರ್ಷಗಳಲ್ಲಿ ನಾನು ಖುಷಿಯಾಗಿದ್ದ ಒಂದು ದಿನ ತೋರಿಸಿ ಅಂದರೆ ಅದನ್ನೇ ತೋರಿಸುತ್ತೇನೆ.

ಮರು ವರ್ಷ ಮೆಲ್ಬರ್ನಿಗೆ ಬಂದೆವು. ಅಲ್ಲಿಯ ಕಂಪನಿಯೊಂದು ಈ ದೇಶದಲ್ಲಿ ಕಾಯಂ ನೆಲೆಸುವ ಪಿಆರ್‌ಗೆ ಸ್ಪಾನ್ಸರ್ ಮಾಡುತ್ತೇವೆ ಅಂದಿತು. ವೆರಿಬೀಯಲ್ಲಿ ಮೆಟ್ಟಿಲಿಲ್ಲದ ಮನೆ ಸಿಕ್ಕಿತು, ಮಗಳ ವೀಲ್‌ಚೇರ್ ಬಾಗಿಲಿನಿಂದ ಹಿತ್ತಲವರೆಗೆ ತಡೆಯಿಲ್ಲದೆ ಹೋಗುತ್ತಿತ್ತು. ಅವಳು ಶಾಲೆಗೆ ಸೇರಿದಳು, ಅವಳಿಗೆ ಗೆಳತಿಯರಾದರು. ಇನ್ನೇನು ದಡ ಸೇರಿದೆವು ಅಂದುಕೊಂಡು ಅರ್ಜಿ ಹಾಕಿದೆವು. ಮೂವರಿಗೂ ಮೆಡಿಕಲ್ ಆಯಿತು. ಕೆಲವು ತಿಂಗಳಾದ ಮೇಲೆ ಪತ್ರ ಬಂತು.

ಪತ್ರದ ಭಾಷೆ ಬಹಳ ಸಭ್ಯ. ಮಗಳ ಆರೈಕೆ ಈ ದೇಶಕ್ಕೆ ಭಾರವಾಗಬಹುದು, ಆದ್ದರಿಂದ ಅವಳು ಆರೋಗ್ಯದ ಷರತ್ತು ಪೂರೈಸುವುದಿಲ್ಲ, ಕುಟುಂಬದಲ್ಲಿ ಒಬ್ಬರು ಪೂರೈಸದಿದ್ದರೆ ಯಾರೂ ಪೂರೈಸಿದ ಹಾಗಲ್ಲ, ಏನಾದರೂ ಹೇಳುವುದಿದ್ದರೆ ಹೇಳಿ ಅಂತಿತ್ತು. ಈ ದೇಶದ ಐಸ್‌ಕ್ರೀಮು ಕರಗದ ಹಾಗೆ ಇಷ್ಟು ವರ್ಷ ನೋಡಿಕೊಂಡಿದ್ದೇನೆ ಅಂತ ಬರೆಯಬೇಕು ಅನ್ನಿಸಿತು. ಬರೆಯಲಿಲ್ಲ. ವಕೀಲರನ್ನು ಹಿಡಿದು ಸಮಯ ಕೇಳಿದೆವು.

ಆ ಹೊತ್ತಿಗೆ ನನಗೆ ಉಪಾಯ ಹೇಳಿದವರು ನಮ್ಮ ಸಬರ್ಬಿನಲ್ಲೇ ಇದ್ದ, ಬೆಂಗಳೂರಿನ ಕಡೆಯ ರಿಟೈರ್ಡ್ ಡಾಕ್ಟರ್ ಅಂಕಲ್. ಕೆಟ್ಟ ಮನುಷ್ಯ ಅಲ್ಲ. ಮಗಳಿಗೆ ಜ್ವರ ಬಂದಾಗೆಲ್ಲ ಕೇಳುವ ಮೊದಲೇ ಬಂದು ನೋಡಿದವರು. ಅವರ ಮನೆಯ ಸತ್ಯನಾರಾಯಣ ಪೂಜೆಯ ದಿನ ಕಾರಿನವರೆಗೆ ನನ್ನ ಜೊತೆ ನಡೆದುಬಂದು, ದನಿ ತಗ್ಗಿಸಿ ಹೇಳಿದರು.

"ಎಮೋಷನಲ್ ಆಗ್ಬೇಡಿ, ಸ್ವಲ್ಪ ಪ್ರಾಕ್ಟಿಕಲ್ ಆಗಿ ಯೋಚ್ನೆ ಮಾಡಿ. ನಿಮ್ಮ ಮಿಸೆಸ್ ಅಕ್ಕ ಇದಾರಲ್ಲ ಊರಲ್ಲಿ, ಅವ್ರಿಗೆ ಮಕ್ಳಿಲ್ಲ ತಾನೆ? ಲೀಗಲ್ ಆಗಿ ದತ್ತು ಕೊಟ್ಬಿಡಿ. ಆಗ ಅವಳು ನಿಮ್ಮ ಫ್ಯಾಮಿಲಿ ಲೆಕ್ಕಕ್ಕೇ ಬರಲ್ಲ. ಫಸ್ಟ್ ನಿಮ್ಮ ಪಿಆರ್ ಆಗ್ಲಿ, ಆಮೇಲೆ ಏನಾದ್ರೂ ದಾರಿ ಇದ್ದೇ ಇರತ್ತೆ."

ಆಮೇಲೆ ಏನು ದಾರಿ ಅಂತ ನಾನು ಕೇಳಲಿಲ್ಲ. ಕೇಳಿದರೆ ಅವರ ಹತ್ತಿರ ಉತ್ತರ ಇರುವುದಿಲ್ಲ ಅಂತ ನನಗೆ ಗೊತ್ತಿತ್ತು. ಮನೆಗೆ ಬರುವಾಗ ಹಿಂದಿನ ಸೀಟಿನಲ್ಲಿ ಮಗಳು ಪ್ರಸಾದದ ಬಾಳೆಹಣ್ಣನ್ನು ಮುಖಕ್ಕೆಲ್ಲ ಮೆತ್ತಿಕೊಂಡು ನಿದ್ದೆ ಹೋಗಿದ್ದಳು. ನಾನು ಸಿಗ್ನಲ್ ಒಂದರಲ್ಲಿ ನಿಂತಾಗ, ರಸ್ತೆಯನ್ನೇ ನೋಡುತ್ತ, ಅಂಕಲ್ ಹೇಳಿದ್ದನ್ನು ಹೆಂಡತಿಗೆ ಹೇಳಿದೆ. ಅವರು ಹೀಗಂದರು ಅಂತ ಬಿಡಬಹುದಿತ್ತು. ಬಿಡಲಿಲ್ಲ. "ನನಗೂ ಅದೇ ಸರಿ ಅಂತ ಕಾಣ್ತದೆ," ಅಂದೆ. "ಕಾಗದದಲ್ಲಿ ಮಾತ್ರ."

ಅವಳು ಹಿಂದಕ್ಕೆ ತಿರುಗಿ ಮಗಳ ಕೆನ್ನೆಯ ಬಾಳೆಹಣ್ಣು ಒರೆಸಿದಳು. ಮನೆ ಹತ್ತಿರ ಬಂದಾಗ, "ಅಕ್ಕನ ಹತ್ರ ಕೇಳ್ಬೇಕಲ್ಲ," ಅಂದಳು.

ಅಲ್ಲಿಂದ ಏಳು ತಿಂಗಳು. ಅಕ್ಕ ಯೋಚನೆ ಮಾಡುತ್ತಿದ್ದಾಳೆ ಅಂದಳು ಹೆಂಡತಿ. ಭಾವನಿಗೆ ಒಪ್ಪಿಗೆಯಾಗಬೇಕು ಅಂದಳು. ಒಂದು ತಿಂಗಳು ಭಾವನಿಗೆ ಹುಷಾರಿರಲಿಲ್ಲ, ಇನ್ನೊಂದು ತಿಂಗಳು ಕೋರ್ಟಿಗೆ ರಜೆ. ವಕೀಲರು ತಂದ ಸಮಯ ಮುಗಿಯುತ್ತ ಬಂದ ಹಾಗೆ ನಾನು ಕೂಗಾಡತೊಡಗಿದೆ. "ನಿನ್ನ ಅಕ್ಕನಿಗೆ ಒಂದು ಸಹಿ ಹಾಕ್ಲಿಕ್ಕೆ ಎಷ್ಟು ತಿಂಗಳು ಬೇಕು?" ಅಂತ ಊಟದ ತಟ್ಟೆ ಮುಂದೆ ಕೇಳಿದ್ದೇನೆ, ಮಗಳು ಎದುರಿಗೇ ಕೂತಿರುವಾಗ. ಯಾವ ಸಹಿ ಅಂತ ಅವಳಿಗೆ ಗೊತ್ತಿರಲಿಲ್ಲ. "ಶೌಟಿಂಗ್" ಅಂತ ಹೇಳಿ ಕಿವಿ ಮುಚ್ಚಿಕೊಂಡಳು.

ನನ್ನನ್ನು ನಾನು ಸಮರ್ಥಿಸಿಕೊಳ್ಳುವುದಿಲ್ಲ. ಆದರೆ ಆಗಿನ ದಣಿವಿನ ಬಗ್ಗೆ ಹೇಳಬೇಕು. ಕಾಲಿಗೆ ಪಟ್ಟಿ ಕಟ್ಟಿ ಬಿಚ್ಚುವುದು, ಥೆರಪಿಗೆ ಸಾಲು ನಿಲ್ಲುವುದು, ಅದೇ ವಿವರವನ್ನು ಇಪ್ಪತ್ತು ಫಾರಂಗಳಲ್ಲಿ ತುಂಬುವುದು, ಪ್ರತಿ ಸಲ ಅವಳಿಗೆ ಏನೇನು ಬರುವುದಿಲ್ಲ ಅಂತ ಪಟ್ಟಿ ಮಾಡುವುದು. ಮಗುವಿಗೆ ಏನು ಬರುವುದಿಲ್ಲ ಅಂತ ವರ್ಷಗಟ್ಟಲೆ ಬರೆದ ಅಪ್ಪನಿಗೆ ಏನು ಬರುತ್ತದೆ ಅನ್ನುವುದು ಮರೆತುಹೋಗುತ್ತದೆ. ನನಗೆ ಮರೆತಿತ್ತು.

ಆ ಸಮಯದಲ್ಲೇ ಕಂಪನಿ ನನ್ನನ್ನು ನಾಲ್ಕು ದಿನದ ಕೆಲಸಕ್ಕೆ ಸಿಡ್ನಿಗೆ ಕಳಿಸಿತು. ಕೊನೆಯ ದಿನ ಮಧ್ಯಾಹ್ನ ಬಿಡುವಾಯಿತು. ಎಪ್ಪಿಂಗ್‌ಗೆ ಹೋಗಿ ಅಜ್ಜಿಯ ಬಾಗಿಲು ಬಡಿದೆ. ಮೊದಲಿಗಿಂತ ಹೆಚ್ಚು ಬಾಗಿದ್ದರು, ನನ್ನನ್ನು ಗುರುತಿಸಲು ಸ್ವಲ್ಪ ಹೊತ್ತು ಹಿಡಿಯಿತು. ನನ್ನ ಹಿಂದೆ ಇಣುಕಿ ಮಗಳೆಲ್ಲಿ ಅಂತ ಕೇಳಿದರು. ಟೀ ಮಾಡಿಕೊಟ್ಟರು. ನಾನು ಎಲ್ಲವನ್ನೂ ಹೇಳಿದೆ, ದತ್ತಿನ ವಿಷಯವನ್ನೂ ಹೇಳಿದೆ. ಅಂಗಡಿ ನಡೆಸಿದ ಹೆಂಗಸು, ಹೊರದೇಶದಲ್ಲಿ ಬದುಕು ಕಟ್ಟಿದವರು, ಒಳ್ಳೇ ಉಪಾಯ ಅನ್ನುತ್ತಾರೆ ಅಂತ ನನ್ನ ಲೆಕ್ಕವಾಗಿತ್ತು. ಯಾರಾದರೂ ಹಾಗೆ ಅನ್ನಲಿ ಅಂತ ಕಾಯುತ್ತಿದ್ದೆ ಅಂದರೂ ಸರಿಯೇ.

ಅಜ್ಜಿ ಫ್ರಿಜ್ ಕಡೆ ನೋಡಿದರು. "ಇವನ ಕತೆಯ ಮೊದಲ ಅರ್ಧ ನಿಮಗೆ ಹೇಳಿರಲಿಲ್ಲ," ಅಂದರು.

ಅವರು ಹೇಳಿದ್ದು ಹೀಗೆ. ಎಲ್ಲಕ್ಕಿಂತ ಮೊದಲು ಒಬ್ಬ ದೇವರು, ಒಬ್ಬಳು ದೇವತೆ. ಮದುವೆಗೆ ಒಂದು ಕಂಬವನ್ನು ಅವನು ಆ ಕಡೆಯಿಂದ, ಅವಳು ಈ ಕಡೆಯಿಂದ ಸುತ್ತಿ ಎದುರಾದರು. ಎದುರಾದಾಗ ಅವಳು ಮೊದಲು ಮಾತಾಡಿದಳು, ಎಷ್ಟು ಚೆನ್ನಾಗಿದ್ದೀಯ ಅಂದಳು. ಅವರಿಗೆ ಹುಟ್ಟಿದ ಮೊದಲ ಮಗುವಿನ ಹೆಸರು ಹಿರುಕೊ. ಮೂಳೆಯಿಲ್ಲದ ಜಿಗಣೆಯ ಹಾಗಿತ್ತು. ಮೂರು ವರ್ಷವಾದರೂ ನಿಲ್ಲಲಿಲ್ಲ. ಅಪ್ಪ ಅಮ್ಮ ಅದನ್ನು ಜೊಂಡಿನ ದೋಣಿಯಲ್ಲಿ ಮಲಗಿಸಿ ಕಡಲಿಗೆ ಬಿಟ್ಟರು. ಆಮೇಲೆ ಮೇಲಿನ ದೇವರುಗಳ ಹತ್ತಿರ ಹೋಗಿ ಯಾಕೆ ಹೀಗಾಯಿತು ಅಂತ ಕೇಳಿದರು. ಹೆಂಗಸು ಮೊದಲು ಮಾತಾಡಿದ್ದೇ ತಪ್ಪು ಅಂತ ಉತ್ತರ ಬಂತು. ಮತ್ತೆ ಕಂಬ ಸುತ್ತಿದರು, ಈ ಸಲ ಗಂಡಸು ಮೊದಲು ಮಾತಾಡಿದ. ಒಳ್ಳೊಳ್ಳೇ ಮಕ್ಕಳು ಹುಟ್ಟಿದರು. ಜಪಾನಿನ ದ್ವೀಪಗಳೆಲ್ಲ ಆ ಮಕ್ಕಳೇ.

"ಎಷ್ಟು ಮಕ್ಕಳು ಅಂತ ಹಳೇ ಪುಸ್ತಕದಲ್ಲಿ ಲೆಕ್ಕ ಇದೆ," ಅಂದರು. "ಹಿರುಕೊನನ್ನು ಆ ಲೆಕ್ಕಕ್ಕೆ ಸೇರಿಸಿಲ್ಲ."

ಎಷ್ಟೋ ಕಾಲವಾದ ಮೇಲೆ ಜನ, ಆ ಮಗು ತೇಲಿಕೊಂಡು ಬಂದು ಒಂದು ಬೆಸ್ತರ ಊರಿನ ದಡ ಸೇರಿತು, ಅವರು ಸಾಕಿದರು, ಅದೇ ಎಬಿಸು ಅಂತ ಹೇಳತೊಡಗಿದರಂತೆ. ಕಡಲಿನಿಂದ ತೇಲಿ ಬಂದದ್ದಕ್ಕೆಲ್ಲ, ಸತ್ತ ತಿಮಿಂಗಿಲಕ್ಕೂ, ಬೆಸ್ತರು ಎಬಿಸು ಅಂತಲೇ ಹೆಸರಿಡುತ್ತಾರಂತೆ. ನಮಗೆ ಅವರು ಹೇಳಿದ್ದ ನಗುವ ದೇವರ ಕತೆ ಅಲ್ಲಿಂದ ಈಚಿನದು.

ನನಗೆ ಸಿಟ್ಟು ಬಂತು. ಅಳುವಂಥ ಸಿಟ್ಟು. ನನ್ನ ಮಗಳನ್ನು ಜಿಗಣೆಗೆ ಹೋಲಿಸುತ್ತೀರಾ ಅಂತ ಕೇಳಿದೆ. ಇಷ್ಟು ದಿನ ಅದೇ ಮನಸ್ಸಿನಲ್ಲಿಟ್ಟುಕೊಂಡು ಬೊಂಬೆ ಕೈಗೆ ಕೊಟ್ಟಿರಾ ಅಂತಲೂ ಕೇಳಿದೆ. ಅವರು ಬೇಜಾರು ಮಾಡಿಕೊಳ್ಳಲಿಲ್ಲ. "ಅವಳು ಅವನ ಕಾಲು ಹಿಡಿದು ನಗುತ್ತಿದ್ದಳು," ಅಂದರು. "ಆಗ ಹೇಗೆ ಹೇಳಲಿ? ಮತ್ತೆ ನೀವು ಅವಳನ್ನು ಎತ್ತಿಕೊಂಡು ಮೂರು ಮಹಡಿ ಹತ್ತುತ್ತಿದ್ದಿರಿ. ನಿಮಗೆ ಆ ಅರ್ಧ ಬೇಕಾಗುತ್ತದೆ ಅಂತ ನಾನು ಅಂದುಕೊಂಡಿರಲಿಲ್ಲ."

"ಕೊನೆಗೆ ದಡ ಸೇರಿತಲ್ಲ," ಅಂದೆ. ಸೋತವನ ಮಾತು ಅದು.

"ಹಾಗಂತ ಹೇಳುತ್ತಾರೆ. ದೋಣಿಯಲ್ಲಿ ಏನಾಯಿತು ಅಂತ ಮಾತ್ರ ಯಾರೂ ಬರೆದಿಲ್ಲ."

ಯಾರೂ ಬರೆಯಬೇಕಾಗಿಲ್ಲ, ಕಡಲು ನನಗೆ ಗೊತ್ತು. ಹೊಳೆ ಕಡಲು ಸೇರುವ ಅಳಿವೆಯಲ್ಲಿ ದೋಣಿ ಮಗುಚಿದರೆ ಈಜು ಬಲ್ಲ ಗಟ್ಟಿ ಗಂಡಸರೇ ಮೂರನೇ ದಿನ ದಡಕ್ಕೆ ಬರುತ್ತಾರೆ, ಬಂದವರನ್ನು ಮನೆಯವರಿಗೆ ಗುರುತು ಹಿಡಿಯಲಾಗುವುದಿಲ್ಲ. ಜೊಂಡಿನ ದೋಣಿಯಲ್ಲಿ ಮಲಗಿದ, ತಿರುಗಿ ಮಲಗಲೂ ಬಾರದ ಮಗು ಎಷ್ಟು ದೂರ ಹೋಗುತ್ತದೆ? ಮೊದಲ ಅಲೆಗೆ ಬಾಯಿಗೆ ನೀರು ಬರುತ್ತದೆ. ಅಪ್ಪ ಅಮ್ಮ ಇನ್ನೂ ಮರಳಿನ ಮೇಲೆ ನಿಂತಿರುವಾಗಲೇ. ದಡ ಸೇರಿತು ಅನ್ನುವ ಎರಡನೇ ಅರ್ಧವನ್ನು ಮಗು ಕಟ್ಟಿದ್ದಲ್ಲ, ದಡದಲ್ಲಿದ್ದವರು ನಿದ್ದೆ ಬರಲಿ ಅಂತ ಕಟ್ಟಿಕೊಂಡದ್ದು. ನನ್ನ 'ಕಾಗದದಲ್ಲಿ ಮಾತ್ರ' ಅನ್ನುವುದೂ ಅದೇ ಜಾತಿಯ ಮಾತು. ಇಷ್ಟನ್ನು ಯೋಚಿಸುವಷ್ಟರಲ್ಲಿ ಟೀ ತಣ್ಣಗಾಗಿತ್ತು. ಅಜ್ಜಿ ಇನ್ನೊಂದು ಲೋಟ ತಂದುಕೊಟ್ಟರು.

ಮೆಲ್ಬರ್ನ್ ವಿಮಾನಕ್ಕೆ ಕಾಯುವಾಗ ಬ್ಯಾಗಿನಿಂದ ಅರ್ಜಿಯ ಹೊಸ ಕರಡು ತೆಗೆದೆ. ದತ್ತು ಆದ ಮೇಲೆ ಹೀಗೆ ತುಂಬಬೇಕಾಗುತ್ತದೆ ಅಂತ ನಾನೇ ಮೊದಲೇ ಪೆನ್ಸಿಲಿನಲ್ಲಿ ತುಂಬಿ ಇಟ್ಟುಕೊಂಡದ್ದು. ನನ್ನ ಅಕ್ಷರ ದುಂಡಗಿದೆ, ಶಾಲೆಯಲ್ಲಿ ಹೊಗಳುತ್ತಿದ್ದರು. ಮಕ್ಕಳು ಎಷ್ಟು ಅನ್ನುವ ಕಡೆ ಬಹಳ ಚೆಂದದ ಒಂದು ಸೊನ್ನೆ ಇತ್ತು. ಹರಿದು ಏರ್‌ಪೋರ್ಟಿನ ಕಸದ ಬುಟ್ಟಿಗೆ ಹಾಕಿದೆ.

ಮರುದಿನ ಶನಿವಾರ. ಹೆಂಡತಿ ನಡುಮನೆಯಲ್ಲಿ ಚಾಪೆ ಹಾಸಿ ಮಗಳಿಗೆ ಕಾಲಿನ ವ್ಯಾಯಾಮ ಮಾಡಿಸುತ್ತಿದ್ದಳು. ಮೊಣಕಾಲು ಮಡಚಿ, ಹತ್ತು ಎಣಿಸಿ, ಬಿಡಿಸಿ, ಮತ್ತೆ ಮಡಚಿ. ನಾನು ಬಾಗಿಲಲ್ಲಿ ನಿಂತು, "ಅಕ್ಕನಿಗೆ ಫೋನ್ ಮಾಡಿ ಬೇಡ ಅಂತ ಹೇಳು," ಅಂದೆ. "ನಮಗೆ ಬೇಡ ಅದು."

ಅವಳು ಎಣಿಸುವುದನ್ನು ಹತ್ತರವರೆಗೆ ಮುಗಿಸಿದಳು.

"ಅಕ್ಕನಿಗೆ ಎಂತ ಹೇಳ್ಲಿಕ್ಕುಂಟು? ನಾನು ಅವಳ ಹತ್ರ ಕೇಳ್ಲೇ ಇಲ್ಲ."

"ಮತ್ತೆ ಈ ಏಳು ತಿಂಗಳು?"

"ನೀವು ಯೋಚನೆ ಮಾಡ್ಲಿ ಅಂತ." ಇನ್ನೊಂದು ಕಾಲು ಹಿಡಿದುಕೊಂಡಳು. "ಬೇಗ ದಾರಿಗೆ ಬರ್ತೀರಿ ಅಂದುಕೊಂಡಿದ್ದೆ. ಒಂದು ವಾರ, ಹೆಚ್ಚೆಂದರೆ ಹದಿನೈದು ದಿನ."

ಅಕ್ಕನ ಯೋಚನೆ, ಭಾವನ ಹುಷಾರು, ಕೋರ್ಟಿನ ರಜೆ ಎಲ್ಲ ಅವಳು ಒಂದೊಂದಾಗಿ ಮುಂದಿಟ್ಟದ್ದು ನನಗೆ ಹೊತ್ತು ಕೊಡಲಿಕ್ಕೆ. ನಾನು ಆ ಹೊತ್ತಿನಲ್ಲೆಲ್ಲ ಇಲ್ಲದ ಸಹಿಗಾಗಿ ಕೂಗಾಡಿದ್ದೆ. ಚಾಪೆಯ ಅಂಚಿನಲ್ಲಿ ಕೂತೆ. ನಾನು ಬೇಡ ಅನ್ನದೇ ಹೋಗಿದ್ದರೆ ನೀನು ಏನು ಮಾಡುತ್ತಿದ್ದೆ ಅಂತ ಕೇಳಿದೆ. ಕೇಳದೆ ಇರಬಹುದಿತ್ತು.

"ನನ್ನದೂ ಇವಳದೂ ಪಾಸ್‌ಪೋರ್ಟ್ ನನ್ನ ಬ್ಯಾಗಲ್ಲೇ ಉಂಟು," ಅಂದಳು. ದನಿಯಲ್ಲಿ ಸಿಟ್ಟಿರಲಿಲ್ಲ, ಬಹಳ ದಣಿದಿದ್ದಳು. "ಪಿಆರ್ ನಿಮಗೊಬ್ಬರಿಗೆ ಆಗ್ತಿತ್ತು."

ಮಗಳು ನನ್ನ ಕಡೆ ಕಾಲು ಚಾಚಿ "ಡ್ಯಾಡ್ ಡೂ" ಅಂದಳು. ನಾನು ಮೊಣಕಾಲು ಹಿಡಿದು ಎಣಿಸತೊಡಗಿದೆ. ಆರರ ಹತ್ತಿರ ಲೆಕ್ಕ ತಪ್ಪಿತು, ಅವಳೇ "ಸೆವೆನ್" ಅಂತ ತಿದ್ದಿದಳು.

ಮೊದಲು ಹಾಕಿದ್ದ ಅರ್ಜಿ ತಿರಸ್ಕೃತವಾಯಿತು. ಮರುಪರಿಶೀಲನೆಗೆ ಹಾಕಿದ್ದೇವೆ, ಮೂವರ ಹೆಸರಿನಲ್ಲಿ. ಇದನ್ನು ಬರೆಯುವ ದಿನದವರೆಗೆ ಉತ್ತರ ಬಂದಿಲ್ಲ. ಬರುವವರೆಗೆ ಇಲ್ಲಿರಬಹುದು, ಆಗದಿದ್ದರೆ ಮೂವರೂ ಹೊರಡುವುದು ಅಂತ ಮಾತಾಗಿದೆ. ಹೆಂಡತಿ ಮೊದಲಿನ ಹಾಗೇ ಮಾತಾಡುತ್ತಾಳೆ, ಬಡಿಸುತ್ತಾಳೆ, ನನ್ನ ತಮಾಷೆಗೆ ನಗುತ್ತಾಳೆ. ಪಾಸ್‌ಪೋರ್ಟ್ ಎರಡೂ ಇನ್ನೂ ಅವಳ ಬ್ಯಾಗಿನಲ್ಲೇ ಇವೆ. ಕಪಾಟಿನಲ್ಲಿ ನನ್ನದರ ಜೊತೆಗೆ ಇಡು ಅಂತ ಹೇಳಲು ನನಗೆ ಮುಖವಿಲ್ಲ.